ಹತ್ತುವ ಮೊದಲು ಜೀನು ತೆಗೆಸಿ ನೋಡಿ

ಕೊಡಗಿನ ಕೆಲವು ಹೋಂಸ್ಟೇಗಳಲ್ಲಿ ಈಗ ಕುದುರೆ ಸವಾರಿಯೂ ಉಂಟು. ಕಾಫಿ ತೋಟದ ದಾರಿಯಲ್ಲಿ ಒಂದು ಸುತ್ತು, ನಾಲ್ಕು ಫೋಟೋ. ಸವಾರಿಯೇ ಬೇಡ ಎನ್ನುವವಳು ನಾನಲ್ಲ, ಕುದುರೆ ಎಂದರೆ ನನಗೆ ಪ್ರಾಣ. ಆದರೆ ಜೀನು ಸರಿಯಿಲ್ಲದ ಕುದುರೆಯನ್ನು ಯಾರೂ ಹತ್ತಬಾರದು. ಇದರಲ್ಲಿ ರಾಜಿಯೇ ಇಲ್ಲ.

ಜೀನು ಇರುವುದು ಸವಾರ ಕೂರುವುದಕ್ಕೆ ಮಾತ್ರ ಎಂದುಕೊಂಡವರೇ ಹೆಚ್ಚು. ಭಾರ ಬೆನ್ನುಮೂಳೆಯ ಮೇಲೆ ಬೀಳದಂತೆ ಎರಡೂ ಪಕ್ಕದ ಸ್ನಾಯುಗಳಿಗೆ ಹಂಚುವುದು ಅದರ ಮುಖ್ಯ ಕೆಲಸ. ಅದಕ್ಕೇ ಅಡಿಭಾಗದ ನಡುವೆ ಉದ್ದಕ್ಕೂ ಸಂದು ಬಿಟ್ಟಿರುತ್ತಾರೆ. ಸವಾರ ಕೂತ ಮೇಲೂ ಕುದುರೆಯ ಹೆಗಲ ದಿಬ್ಬಕ್ಕೂ ಜೀನಿಗೂ ನಡುವೆ ಎರಡು ಬೆರಳು ಆಡಬೇಕು. ಜೀನಿನ ಹಿಂಬದಿ ಕುದುರೆಯ ಕೊನೆಯ ಪಕ್ಕೆಲುಬನ್ನು ದಾಟಬಾರದು. ಅದರಾಚೆ ಭಾರಕ್ಕೆ ಪಕ್ಕೆಲುಬುಗಳ ಆಸರೆ ಸಿಗುವುದಿಲ್ಲ. ಒಂದೊಂದು ಕುದುರೆಯ ಬೆನ್ನು ಒಂದೊಂದು ತರ. ಮೈ ಇಳಿದರೆ ಅದೇ ಕುದುರೆಗೆ ಅದೇ ಜೀನು ಹೊಂದುವುದಿಲ್ಲ. ಹೀಗಿರುವಾಗ ಕೈಗೆ ಸಿಕ್ಕ ಜೀನನ್ನು ಎದುರಿಗೆ ನಿಂತ ಕುದುರೆಗೆ ಬಿಗಿಯುವುದು ಹಿಂಸೆ.

ನಮ್ಮ ಮಳೆ ಬೇರೆ. ಕಕ್ಕಡ ತಿಂಗಳಲ್ಲಿ, ಅಂದರೆ ಜುಲೈ-ಆಗಸ್ಟಿನ ಮಳೆಯಲ್ಲಿ, ಜೀನಿನ ಚರ್ಮಕ್ಕೆ ಬೂಸ್ಟು ಹಿಡಿಯದೆ ಇರುತ್ತದೆಯೇ? ಬೂಸ್ಟನ್ನು ಒರೆಸಬಹುದು, ಒಳಗೆ ಕೊಳೆತ ಹೊಲಿಗೆ ಕಣ್ಣಿಗೆ ಬೀಳುವುದಿಲ್ಲ. ಜೀನನ್ನು ಬಿಗಿದು ಹಿಡಿಯುವ ಹೊಟ್ಟೆಪಟ್ಟಿಯ ಹೊಲಿಗೆ ಓಟದಲ್ಲಿ ಬಿಟ್ಟರೆ ಜೀನು ಸವಾರನ ಸಮೇತ ಪಕ್ಕಕ್ಕೆ ಜಾರುತ್ತದೆ. ಜೀನಿನಡಿಯ ಒದ್ದೆ ಹಾಸುಬಟ್ಟೆ ಉಜ್ಜಿ ಉಜ್ಜಿ ಬೆನ್ನು ಹುಣ್ಣಾಗುತ್ತದೆ. ಅಂಥ ಹುಣ್ಣು ಮಾಗಿದ ಕಡೆ ಎಷ್ಟೋ ಸಲ ಬಿಳಿ ಕೂದಲು ಹುಟ್ಟುತ್ತದೆ. ಕಂದು ಕುದುರೆಯ ಜೀನು ಕೂರುವ ಜಾಗದಲ್ಲಿ ಬಿಳಿ ಮಚ್ಚೆಗಳಿದ್ದರೆ ಅದು ಹುಟ್ಟಿನಿಂದ ಬಂದದ್ದು ಎಂದು ಹೇಳಿದ ಕೂಡಲೇ ನಂಬಬೇಡಿ.

ತೂಕದ ಮಾತನ್ನೂ ಹೇಳಿಬಿಡುತ್ತೇನೆ, ಬೇಸರವಾದರೂ ಸರಿ. ಸವಾರ ಮತ್ತು ಜೀನು ಸೇರಿ ಕುದುರೆಯ ತೂಕದ ಶೇ. 20 ಮೀರಬಾರದು ಎಂಬುದು ಸಾಮಾನ್ಯವಾಗಿ ಒಪ್ಪಿದ ಲೆಕ್ಕ. 250 ಕಿಲೋ ಇರುವ ಸಣ್ಣ ತಟ್ಟುವಿಗೆ ಅದು 50 ಕಿಲೋ. 80 ಕಿಲೋ ಗಂಡಸು ಅದರ ಮೇಲೆ ಕೂತು ಸೆಲ್ಫಿ ತೆಗೆದುಕೊಳ್ಳುವುದನ್ನು ಕಂಡರೆ ನನ್ನ ಹೊಟ್ಟೆ ಉರಿಯುತ್ತದೆ.

ನಿಮ್ಮ ಜೀವಕ್ಕೂ ಅಷ್ಟೇ ಬೆಲೆ. ಬೈಕಿನ ಹೆಲ್ಮೆಟ್ ಸಾಲದು, ಸವಾರಿಯ ಹೆಲ್ಮೆಟ್ಟೇ ಬೇಕು, ಗಲ್ಲದ ಪಟ್ಟಿ ಬಿಗಿದಿರಬೇಕು. ಚಪ್ಪಲಿಯಲ್ಲಿ ಹತ್ತಬೇಡಿ. ಹಿಮ್ಮಡಿಯಿರುವ ಬೂಟು ಹಾಕಿದರೆ ಜೀನಿನಿಂದ ಇಳಿಬಿದ್ದ ಕಾಲೂರುವ ಬಳೆಯ, ಅಂದರೆ ರಿಕಾಪಿನ, ಒಳಗೆ ಪಾದ ಜಾರಿ ಸಿಕ್ಕಿಕೊಳ್ಳುವ ಭಯ ಕಡಿಮೆ; ಬಿದ್ದವರನ್ನು ಕುದುರೆ ಎಳೆದುಕೊಂಡು ಹೋಗುವುದು ಹಾಗೆ ಸಿಕ್ಕಿದಾಗಲೇ.

ಸವಾರಿ ಇಟ್ಟಿರುವ ನಮ್ಮ ಊರಿನವರಲ್ಲಿ ಕೇಳಿಕೊಳ್ಳುವುದು ಇಷ್ಟೇ: ದರದ ಬೋರ್ಡಿನಲ್ಲಿ ತೂಕದ ಮಿತಿಯನ್ನೂ ಬರೆಸಿ. ಜಡಿಮಳೆಯ ದಿನ ಸವಾರಿ ನಿಲ್ಲಿಸಿ. ಬಂದವರು ಜೀನು ತೆಗೆದು ತೋರಿಸಿ ಎಂದರೆ ಸಿಡುಕದೆ ತೋರಿಸಿ.