ಟೈಮ್-ಟರ್ನರ್ ಸರಕಾರದ ಕೈಯಲ್ಲಿ ಇರಬೇಕಿತ್ತೇ?

ಹ್ಯಾರಿ ಪಾಟರ್ ಲೋಕದಲ್ಲಿ ಕಾಲವನ್ನು ಹಿಂದಕ್ಕೆ ತಿರುಗಿಸುವ ಟೈಮ್-ಟರ್ನರ್‌ಗಳ ಮೇಲೆ ಹಿಡಿತ ಇದ್ದದ್ದು ಮಾಂತ್ರಿಕರ ಸರಕಾರಕ್ಕೆ, ಅಂದರೆ ಮಿನಿಸ್ಟ್ರಿಗೆ. ಅದು ಸರಿಯೇ?

ಪರ: ಕೋವಿಗೂ ಲೈಸೆನ್ಸ್ ಬೇಕು

ಪರವಾಗಿ ಬರೆಯಿರಿ ಎಂದು ಕೇಳಿದರು, ಒಪ್ಪಿಕೊಂಡೆ. ಆ ಮಿನಿಸ್ಟ್ರಿಯ ಮೇಲೆ ನನಗೆ ಅಂಥ ಗೌರವವೇನೂ ಇಲ್ಲ. ಆದರೆ ಮಂತ್ರಿ ಫಡ್ಜ್ ಒಳ್ಳೆಯವನೋ ಕೆಟ್ಟವನೋ ಎಂಬುದು ಇಲ್ಲಿನ ಪ್ರಶ್ನೆಯಲ್ಲ. ಇಂಥ ವಸ್ತು ಯಾರ ಬಳಿ ಇರಬೇಕು ಎಂಬುದು ಪ್ರಶ್ನೆ.

ಮೂರನೇ ಪುಸ್ತಕದಲ್ಲಿ ಹ್ಯಾರಿಯ ಸಹಪಾಠಿ ಹರ್ಮಾಯನಿಗೆ ಅದು ಸಿಕ್ಕ ಬಗೆ ನೋಡಿ. ಒಂದೇ ಹೊತ್ತಿನಲ್ಲಿ ನಡೆಯುವ ಬೇರೆ ಬೇರೆ ತರಗತಿಗಳಿಗೆ ಅವಳು ಹೋಗಬೇಕು. ಅದಕ್ಕೆ ಪ್ರೊಫೆಸರ್ ಮೆಕ್‌ಗೊನಗಾಲ್ ಮಿನಿಸ್ಟ್ರಿಗೆ ಪತ್ರದ ಮೇಲೆ ಪತ್ರ ಬರೆದರು. ಹುಡುಗಿ ಚೆನ್ನಾಗಿ ಓದುವವಳು, ಓದಿಗಲ್ಲದೆ ಬೇರೆ ಯಾವುದಕ್ಕೂ ಬಳಸುವುದಿಲ್ಲ ಎಂದು ಭರವಸೆ ಕೊಟ್ಟರು. ಬಳಸುವಾಗ ಯಾರ ಕಣ್ಣಿಗೂ ಬೀಳಬಾರದು ಎಂಬ ನಿಯಮ ಬೇರೆ. ಇದು ಸುಮ್ನೆ ಮಾಡಿದ ನಿಯಮವಲ್ಲ. ಕಾಲದ ಜೊತೆ ಆಟವಾಡಲು ಹೋಗಿ, ಗೊತ್ತಿಲ್ಲದೆ ತಮ್ಮನ್ನು ತಾವೇ ಕೊಂದುಕೊಂಡವರು ಎಷ್ಟೋ ಜನ ಎಂದು ಅವಳೇ ಹ್ಯಾರಿಗೆ ಹೇಳುತ್ತಾಳೆ.

ನಮ್ಮದು ಮಲೆನಾಡು. ಮನೆಯಲ್ಲಿ ಒಂದು ಕೋವಿ ಇದೆ, ಲೈಸೆನ್ಸ್ ಇದೆ. ಚುನಾವಣೆ ಬಂತೆಂದರೆ ಅದನ್ನು ಠಾಣೆಗೆ ಒಪ್ಪಿಸಬೇಕು. ಆ ದಿನಗಳಲ್ಲೇ ಹಂದಿ ಬಾಳೆತೋಟಕ್ಕೆ ನುಗ್ಗುತ್ತದೆ. ಅಪ್ಪ ಗೊಣಗುತ್ತಲೇ ಕೋವಿ ಕೊಟ್ಟು ಬರುತ್ತಾರೆ. ತೊಂದರೆ ನಿಜ. ಆದರೂ ಊರಿನ ಮುಂಗೋಪಿಗಳೆಲ್ಲ ಲೆಕ್ಕವಿಲ್ಲದೆ ಕೋವಿ ಇಟ್ಟುಕೊಂಡರೆ ಏನಾದೀತು ಎಂಬ ಭಯ ನನಗೆ ಅದಕ್ಕಿಂತ ಜಾಸ್ತಿ.

ವಿರೋಧಿಸುವವರು ಟೈಮ್-ಟರ್ನರ್‌ಗಳನ್ನು ಸಂತೆಯಲ್ಲಿ ಮಾರಿ ಎನ್ನುತ್ತಾರೆ. ಪಕ್ಕದ ಮನೆಯವನು ಬೇಲಿ ಜಗಳದಲ್ಲಿ ಸೋತು, ನಿನ್ನೆಗೆ ಹೋಗಿ ಬೇಲಿ ಸರಿಸಿ ಬಂದರೆ ಏನು ಮಾಡುತ್ತೀರಿ? ಮುಂದೆ ಮಿನಿಸ್ಟ್ರಿ ದುಷ್ಟ ಮಾಂತ್ರಿಕ ವೋಲ್ಡೆಮಾರ್ಟ್ ಪಾಲಾಯಿತಲ್ಲ ಎಂದೂ ಕೇಳುತ್ತಾರೆ. ಅದು ಯುದ್ಧದ ಕಾಲ. ಆ ಮಾತೇ ಬೇರೆ.

ವಿರೋಧ: ಪತ್ರ ಬರೆಯುವವರು ಇದ್ದವರಿಗೆ ಮಾತ್ರ ಕಾಲ

ಸಂತೆಯಲ್ಲಿ ಮಾರಿ ಎಂದು ಯಾರೂ ಹೇಳಿಲ್ಲ. ನನ್ನ ಪ್ರಶ್ನೆ ಇಷ್ಟೇ: ಮಿನಿಸ್ಟ್ರಿ ಅದನ್ನು ಯಾರಿಗೆ ಕೊಟ್ಟಿತು, ಯಾರಿಗೆ ಕೊಡಲಿಲ್ಲ?

ಹೆಚ್ಚು ಪಾಠ ಕೇಳಬೇಕೆಂಬ ಹುಡುಗಿಗೆ ಕೊಟ್ಟಿತು. ಅವಳ ಪರವಾಗಿ ಬರೆಯಲು ಒಬ್ಬ ಪ್ರೊಫೆಸರ್ ಇದ್ದರು. ಹ್ಯಾರಿಯ ಗಾಡ್‌ಫಾದರ್ ಸಿರಿಯಸ್ ಬ್ಲ್ಯಾಕ್‌ಗೆ ಯಾರಿದ್ದರು? ವಿಚಾರಣೆಯೇ ಇಲ್ಲದೆ ಅವನನ್ನು ಅಜ್ಕಬಾನ್ ಜೈಲಿಗೆ ತಳ್ಳಿದರು. ಮಾಡದ ತಪ್ಪಿಗೆ 12 ವರ್ಷ. ನಡೆದದ್ದೇನು ಎಂದು ಹಿಂದಕ್ಕೆ ಹೋಗಿ ನೋಡುವ ಸಾಧನ ತಮ್ಮ ಕೈಯಲ್ಲೇ ಇದ್ದರೂ ಅವನ ವಿಷಯದಲ್ಲಿ ಯಾರಿಗೂ ಅದರ ನೆನಪಾಗಲಿಲ್ಲ. ಮರಣದಂಡನೆಗೆ ಗುರಿಯಾದ ಹಿಪೊಗ್ರಿಫ್ (ಹದ್ದಿನ ತಲೆಯ ಕುದುರೆ) ಬಕ್‌ಬೀಕ್‌ನ ಕತೆಯೂ ಅದೇ. ಮೇಲ್ಮನವಿ ಕೇಳಲು ಬಂದವರು ಕೊಡಲಿ ಹಿಡಿದವನನ್ನೂ ಜೊತೆಗೇ ಕರೆತಂದಿದ್ದರು. ಇಬ್ಬರನ್ನೂ ಉಳಿಸಿದ್ದು ಹ್ಯಾರಿ, ಹರ್ಮಾಯನಿ ಎಂಬ ಇಬ್ಬರು ಮಕ್ಕಳು, ಟೈಮ್-ಟರ್ನರ್‌ನ ಮೂರು ಸುತ್ತು, ಹಿಂದಕ್ಕೆ ಮೂರು ಗಂಟೆ. ಅದೂ ಮಿನಿಸ್ಟ್ರಿಗೆ ಕೊಟ್ಟ ಮಾತು ಮುರಿದು.

ಇದನ್ನು ಓದುವಾಗಲೆಲ್ಲ ನನಗೆ ಅಪ್ಪ ನೆನಪಾಗುತ್ತಾರೆ. ಅವರು ಹುಟ್ಟಿದ್ದು ದೀಪಾವಳಿ ಕಳೆದ ಮೇಲೆ ಎಂದು ಅಜ್ಜಿ ಹೇಳುತ್ತಿದ್ದರು. ಶಾಲೆಗೆ ಸೇರಿಸುವಾಗ ವಯಸ್ಸು ಸಾಲಲಿಲ್ಲ. ಮೇಷ್ಟ್ರು ಜೂನ್ 1 ಎಂದು ಬರೆದುಕೊಂಡರು, ಅದೂ ಹಿಂದಿನ ವರ್ಷದ ಜೂನ್. ಆ ಕಾಲದ ಎಷ್ಟೋ ಮಕ್ಕಳು ಹೀಗೆಯೇ ಜೂನ್ 1ಕ್ಕೆ ಹುಟ್ಟಿದವರು, ಅಲ್ವಾ? ಕಾಗದದ ಮೇಲೆ ಅಪ್ಪ ಒಂದೂವರೆ ವರ್ಷ ದೊಡ್ಡವರಾದರು. ನೌಕರಿ ಸಿಕ್ಕ ಮೇಲೆ ಸರಿಪಡಿಸಿ ಎಂದು ಅರ್ಜಿ ಕೊಟ್ಟರು. ಅಜ್ಜಿಯ ಮಾತು ಸಾಕ್ಷಿಯಲ್ಲ, ದಾಖಲೆಯಲ್ಲಿ ಇರುವುದೇ ಸತ್ಯ ಎಂದರು. ಅದೇ ಕಚೇರಿಯಲ್ಲಿ ಅಪ್ಪನ ಪಕ್ಕದ ಮೇಜಿನವರ ತಾರೀಖು ಮಾತ್ರ ತಿದ್ದುಪಡಿಯಾಯಿತು. ಅವರ ಅರ್ಜಿಯ ಜೊತೆ ದೊಡ್ಡವರೊಬ್ಬರ ಶಿಫಾರಸು ಪತ್ರ ಇತ್ತು. ಅಪ್ಪ ಮೇ 31ಕ್ಕೆ ಹಾರ ಹಾಕಿಸಿಕೊಂಡು ಮನೆಗೆ ಬಂದರು. ತಂಗಿಗೆ ಇನ್ನೂ ಮದುವೆಯಾಗಿರಲಿಲ್ಲ. ಆ ಒಂದೂವರೆ ವರ್ಷದ ಸಂಬಳವನ್ನು ಅಮ್ಮ ಎಷ್ಟು ಸಲ ಬೆರಳಲ್ಲಿ ಎಣಿಸಿದರೋ.

ಕೋವಿಯ ಹೋಲಿಕೆ ನನಗೆ ಒಪ್ಪಿಗೆಯಾಗುವುದಿಲ್ಲ. ಕೋವಿ ಠಾಣೆಯಲ್ಲಿದ್ದರೆ ಹೆಚ್ಚೆಂದರೆ ಬಾಳೆ ಹೋಗುತ್ತದೆ. ಕಾಲ ಅಧಿಕಾರಿಯ ಕೈಯಲ್ಲಿದ್ದರೆ ಪತ್ರ ಇಲ್ಲದವನ ಬದುಕೇ ಹೋಗುತ್ತದೆ.

ಕಾಲವನ್ನು ಆ ಸರಕಾರ ಹೇಗೆ ಬಳಸುತ್ತದೆ ಎಂದು ತಿಳಿಯಲು ಟೈಮ್-ಟರ್ನರ್ ಕೂಡ ಬೇಡ. ಐದನೇ ಪುಸ್ತಕದಲ್ಲಿ 15 ವರ್ಷದ ಹ್ಯಾರಿಯ ವಿಚಾರಣೆ ಬೆಳಗ್ಗೆ 9ಕ್ಕೆ ಎಂದಿತ್ತು. ಅವತ್ತೇ ಬೆಳಗ್ಗೆ ಅದನ್ನು 8ಕ್ಕೆ ಸರಿಸಿದರು, ಕೋಣೆಯನ್ನೂ ಬದಲಿಸಿದರು. ಓಡಿ ಬಂದ ಹುಡುಗನಿಗೆ ತಡವಾಯಿತು ಎಂದು ಗದರಿದರು. ಗಡಿಯಾರ ಒಂದನ್ನೇ ಇಟ್ಟುಕೊಂಡು ಹೀಗೆ ಮಾಡುವವರು ಇವರು.

ಅದೇ ಪುಸ್ತಕದ ಕೊನೆಯ ಹೊಡೆದಾಟದಲ್ಲಿ ಮಿನಿಸ್ಟ್ರಿಯ ಟೈಮ್-ಟರ್ನರ್‌ಗಳೆಲ್ಲ ಒಡೆದುಹೋದವು. ಅನೇಕರಿಗೆ ಅದು ನಷ್ಟ ಅನಿಸುತ್ತದೆ. ನನಗೆ ಓದಿದಾಗ ಹಗುರವಾಯಿತು. ವರ್ಷ ಕಳೆದು ಸ್ವಲ್ಪ ದಿನಕ್ಕೇ ಮಿನಿಸ್ಟ್ರಿ ವೋಲ್ಡೆಮಾರ್ಟ್ ವಶವಾಯಿತು. ಅದೇ ಕಟ್ಟಡ, ಅದೇ ಕುರ್ಚಿಗಳು. ಮಿನಿಸ್ಟ್ರಿಯ ಅಧಿಕಾರಿ ಅಂಬ್ರಿಜ್ ಅಲ್ಲೇ ಕುಳಿತು, ಮಾಂತ್ರಿಕರಲ್ಲದ ಮನೆಗಳಲ್ಲಿ ಹುಟ್ಟಿದವರ ವಿಚಾರಣೆ ನಡೆಸಿದಳು. ಹ್ಯಾರಿ ವೇಷ ಮರೆಸಿಕೊಂಡು ಹೋಗಿ, ಹಾಗೆ ವಿಚಾರಣೆಗೆ ಸಿಕ್ಕಿದ್ದ ಮೇರಿ ಕ್ಯಾಟರ್‌ಮೋಲ್‌ಳನ್ನು ಬಿಡಿಸಿಕೊಂಡು ಬಂದ. ಟೈಮ್-ಟರ್ನರ್‌ಗಳಿದ್ದ ಆ ಕಪಾಟು ಒಡೆಯದೆ ಉಳಿದಿದ್ದರೆ, ಅಂಬ್ರಿಜ್ ಮೂರು ಸುತ್ತು ತಿರುಗಿಸಿ ಅವರಿಬ್ಬರಿಗೂ ಬಾಗಿಲಲ್ಲೇ ಕಾದಿರುತ್ತಿದ್ದಳು.