ಕದಿರು ಯಾರ ಗದ್ದೆಯಿಂದ?

ಕೊಡಗಿನ ಸುಗ್ಗಿ ಹಬ್ಬ ಹುತ್ತರಿ ಹತ್ತಿರ ಬಂದರೆ ಈಗ ನಮ್ಮ ಮನೆಯಲ್ಲಿ ಮೊದಲು ಏಳುವ ಪ್ರಶ್ನೆ ಇದು. ಮೊದಲೆಲ್ಲ ಕೋವಿಯ ಈಡು ಕೇಳಿದ ಕೂಡಲೇ ಅಪ್ಪ ನಮ್ಮ ಗದ್ದೆಗಿಳಿದು ಕದಿರು, ಅಂದರೆ ಭತ್ತದ ತೆನೆ, ಕೊಯ್ಯುತ್ತಿದ್ದರು, ನಾವು ಮಕ್ಕಳು ಗಂಟಲು ಹರಿಯುವ ಹಾಗೆ 'ಪೊಲಿ ಪೊಲಿ ದೇವಾ' ಅಂತ ಕೂಗುತ್ತಿದ್ದೆವು. ಈಗ ಆ ಗದ್ದೆಯಲ್ಲಿ ಅರ್ಧ ಕಾಫಿ, ಉಳಿದರ್ಧ ಪಾಳು. ಆನೆ ಕಾಟ, ಕೂಲಿ, ಭತ್ತಕ್ಕೆ ಸಿಗುವ ರೇಟು ಎಲ್ಲ ಲೆಕ್ಕ ಹಾಕಿ ನಾವೇ ಬಿಟ್ಟದ್ದು. ಯಾರೂ ಬಂದು ಬಿಡಿಸಿದ್ದಲ್ಲ.

ಇದನ್ನು ಯಾಕೆ ಹೇಳುತ್ತಿದ್ದೇನೆ ಅಂದರೆ, ಇತ್ತೀಚೆಗೆ ಯಾವ ಮದುವೆಗೆ ಹೋದರೂ ಅದೇ ಮಾತು, ಹೊರಗಿನವರು ಬಂದು ಕೊಡಗು ಕೆಟ್ಟಿತು ಅಂತ. ಆ ನೋವು ನನಗೂ ಗೊತ್ತು. 1956ರ ನವೆಂಬರ್ 1ರಂದು ಮೈಸೂರಿಗೆ ಸೇರುವ ತನಕ ಇದು ಬೇರೆಯೇ ರಾಜ್ಯ. 24 ಶಾಸಕರು, ಸಿ.ಎಂ. ಪೂಣಚ್ಚ ಮುಖ್ಯಮಂತ್ರಿ. ನಮ್ಮ ಅಜ್ಜ ಕೊನೆಯವರೆಗೂ ಹುಣಸೂರಿಗೆ ಹೊರಟರೆ 'ಮೈಸೂರು ಸೀಮೆಗೆ ಹೋಗಿ ಬರುತ್ತೇನೆ' ಅನ್ನುತ್ತಿದ್ದರು.

ಆದರೆ ಕೊಡಗು ಯಾವತ್ತು ಒಬ್ಬರದ್ದೇ ಆಗಿತ್ತು ಹೇಳಿ? ಕೊಡವ ತಕ್ಕ್, ಅರೆಭಾಷೆ, ಯರವರ ಮಾತು, ಮಲಯಾಳ, ತುಳು ಎಲ್ಲ ಒಂದೇ ಸಂತೆಯಲ್ಲಿ ಕೇಳಿಸುತ್ತವೆ. ಬ್ರಿಟಿಷರ ಕಾಲದ ತೋಟಗಳಲ್ಲಿ ದುಡಿದವರಲ್ಲೂ ಎಷ್ಟೋ ಜನ ಮೈಸೂರು ಕಡೆಯಿಂದ, ಮಲಬಾರಿನಿಂದ ಬಂದವರೇ ಅಲ್ವಾ? ಈಗ ಅಸ್ಸಾಮಿನಿಂದ ಬರುತ್ತಾರೆ. ಹಾಗೆ ಬಂದು ನಮ್ಮ ಲೈನ್ ಮನೆಯಲ್ಲಿ (ತೋಟದ ಕೆಲಸದವರ ಸಾಲುಮನೆ) ಇರುವವರ ಹುಡುಗಿಗೆ ನಾಲ್ಕನೇ ಕ್ಲಾಸು. ಶಾಲೆಯಲ್ಲಿ ಕನ್ನಡ, ನನ್ನ ಅಮ್ಮನ ಹತ್ತಿರ ಅರೆಭಾಷೆ. ಬೆಂಗಳೂರಿನಲ್ಲಿ ಬೆಳೆದ ನಮ್ಮ ಮಕ್ಕಳಿಗೆ ಅದು ಬರುವುದಿಲ್ಲ.

ಜನ ಬದಲಾದರೆ ನನಗೆ ಅಷ್ಟು ಭಯ ಇಲ್ಲ. ಭಯ ನೆಲದ ಬಗ್ಗೆ. ಗದ್ದೆ ಅಂದರೆ ಬರೀ ಭತ್ತ ಅಲ್ಲ, ಮಳೆಗಾಲದ ನೀರು ನಿಂತು ನಿಧಾನಕ್ಕೆ ಇಂಗುವ ಜಾಗ. ಅದಕ್ಕೆ ಮಣ್ಣು ತುಂಬಿ ಸೈಟ್ ಮಾಡುತ್ತೇವೆ, ಗುಡ್ಡ ಕಡಿದು ಹೋಂಸ್ಟೇ ಕಟ್ಟುತ್ತೇವೆ. 2018ರ ಆಗಸ್ಟ್‌ನಲ್ಲಿ ಮಕ್ಕಂದೂರು, ಜೋಡುಪಾಲದ ಕಡೆ ಗುಡ್ಡ ಜಾರಿದ್ದನ್ನು ಕಣ್ಣಾರೆ ಕಂಡ ಮೇಲೂ! ಜಾಗ ಮಾರುವವರು ನಾವು. ಕಾಫಿ ಕೊಯ್ಯಲು ಬಂದ ಬಡವನ ಮೇಲೆ ಸುಮ್ನೆ ತಪ್ಪು ಹೊರಿಸಬೇಡಿ.

ಕಳೆದ ಹುತ್ತರಿಗೆ ಪಕ್ಕದ ಮನೆಯವರ ಗದ್ದೆಯಿಂದಲೇ ಕದಿರು ತಂದೆವು. ನೆರೆ (ಹಬ್ಬಕ್ಕೆ ಕಟ್ಟುವ ಎಲೆಗಳ ಕಟ್ಟು) ಕಟ್ಟುವಾಗ ಆ ಹುಡುಗಿ ಅಮ್ಮನ ಪಕ್ಕ ಕೂತು ಅರಳಿ ಎಲೆ, ಮಾವಿನ ಎಲೆ ಒಂದೊಂದಾಗಿ ಎತ್ತಿ ಕೊಡುತ್ತಿದ್ದಳು. ನಿಮ್ಮ ಗದ್ದೆ ಯಾವುದು ಅಂತ ಕೇಳಿದಳು. ಅಮ್ಮ ಉತ್ತರ ಕೊಡಲಿಲ್ಲ.

ಈ ಸಲ ಕೆಳಗಿನ ಎರಡು ಗದ್ದೆ ಉಳುವುದು ಅಂತ ತೀರ್ಮಾನ ಮಾಡಿದ್ದೇವೆ. 'ನಮ್ಮೂರಲ್ಲೂ ನಾಟಿ ಮಾಡ್ತೇವೆ ಅಣ್ಣಾ, ಬೀಜ ತನ್ನಿ ಸಾಕು' ಅಂದಿದ್ದಾನೆ ಅವಳ ಅಪ್ಪ. ಹಳೇ ತಳಿಯ ಬಿತ್ತನೆ ಭತ್ತ ಯಾರ ಹತ್ತಿರ ಇದ್ದರೂ ದಯವಿಟ್ಟು ತಿಳಿಸಿ, ನಾನೇ ಬಂದು ತೆಗೆದುಕೊಂಡು ಹೋಗುತ್ತೇನೆ.