ಜ್ಯಾಕ್ ಅಂಥಾ ಜಾಣನೇನಲ್ಲ

ಮೊನ್ನೆ ನಮ್ಮ ಫ್ಯಾಮಿಲಿ ಗ್ರೂಪಿಗೆ ಮತ್ತೆ ಬಂತು. "ಕೊನೆಗೂ ಬಯಲಾಯ್ತು ಜ್ಯಾಕ್ ದಿ ರಿಪ್ಪರ್ ರಹಸ್ಯ!" ಕಳಿಸಿದ್ದು ಚಿಕ್ಕಪ್ಪನ ಮಗ, ಮೂರು ಬೆಂಕಿ ಇಮೋಜಿ ಸಮೇತ. ಜ್ಯಾಕ್ ಅಂದರೆ 1888ರಲ್ಲಿ ಲಂಡನ್ನಿನಲ್ಲಿ ಒಬ್ಬರಾದ ಮೇಲೊಬ್ಬರಂತೆ ಹೆಂಗಸರನ್ನು ಕೊಂದು ಕೊನೆಗೂ ಸಿಗದೇ ಹೋದವನು. ಇದೇ ಸುದ್ದಿ 2014ರಲ್ಲಿ ಬಂದಿತ್ತು, 2019ರಲ್ಲಿ ಬಂದಿತ್ತು, ಈಗಲೂ ಸುತ್ತುತ್ತಲೇ ಇದೆ. ಒಂದು ರೇಷ್ಮೆ ಶಾಲು, ಅದರ ಮೇಲೊಂದು ಕಲೆ, ಕಲೆಯಲ್ಲಿ ಡಿಎನ್‌ಎ. ಅದು ಪೋಲೆಂಡಿನಿಂದ ಲಂಡನ್ನಿಗೆ ವಲಸೆ ಬಂದಿದ್ದ ಆರನ್ ಕೋಸ್ಮಿನ್‌ಸ್ಕಿ ಅನ್ನೋ ಕ್ಷೌರಿಕನ ವಂಶದವರ ಜೊತೆ ಹೊಂದುತ್ತದಂತೆ, ಹಾಗಾಗಿ ಅವನೇ ಜ್ಯಾಕ್ ಅಂತೆ. ಗ್ರೂಪಿನಲ್ಲಿ ಉತ್ತರ ಬರೆದರೆ ದೊಡ್ಡವರು ಚಿಕ್ಕವರು ಅಂತ ಜಗಳವಾಗುತ್ತೆ, ಅದಕ್ಕೇ ಇಲ್ಲಿ ಬರೀತಿದ್ದೀನಿ. ಉದ್ದವಾಗುತ್ತೆ, ಕಾಫಿ ಇಟ್ಕೊಂಡು ಕೂತ್ಕೊಳ್ಳಿ.

ಮೊದಲು ಆ ಶಾಲಿನ ವಿಚಾರ. ಅದು 1888ರ ಸೆಪ್ಟೆಂಬರ್ 30ರ ಬೆಳಗಿನ ಜಾವ ಕೊಲೆಯಾದ ಕ್ಯಾಥರೀನ್ ಎಡ್ಡೋಸ್‌ಳದ್ದು ಅಂತ ಒಂದು ಮನೆತನದವರು ಹೇಳಿಕೊಂಡು ಬಂದಿದ್ದಾರೆ. ಬರೀ ಬಾಯಿಮಾತು. ಅವಳ ಮೈಮೇಲೆ, ಜೇಬಿನಲ್ಲಿ ಸಿಕ್ಕ ಪ್ರತಿಯೊಂದನ್ನೂ ಪೊಲೀಸರು ಪಟ್ಟಿ ಮಾಡಿದ್ದರು. ಟೀ ಸೊಪ್ಪು, ಸಕ್ಕರೆ ಇಟ್ಟುಕೊಂಡಿದ್ದ ತಗಡಿನ ಡಬ್ಬಿಗಳು, ಸೋಪಿನ ಚೂರು, ಮಣ್ಣಿನ ಚಿಲುಮೆ, ಹನ್ನೆರಡು ತುಂಡು ಬಿಳಿ ಚಿಂದಿ, ಒಂದು ಕೈಗೆ ಮಾತ್ರ ಇದ್ದ ಕೆಂಪು ಗವಸು. ಸಾಸಿವೆ ಡಬ್ಬಿಯೊಂದರಲ್ಲಿ ಎರಡು ಗಿರವಿ ಚೀಟಿ. ಮನೆಯಿಲ್ಲದ ಹೆಂಗಸು ಇಡೀ ಸಂಸಾರವನ್ನು ಸೆರಗಲ್ಲಿ ಕಟ್ಟಿಕೊಂಡು ಓಡಾಡಿದ ಹಾಗಿದೆ ಆ ಪಟ್ಟಿ. ಅದರಲ್ಲಿ ರೇಷ್ಮೆ ಶಾಲು ಮಾತ್ರ ಇಲ್ಲ. ಇನ್ನು ಪರೀಕ್ಷೆ ಮಾಡಿದ್ದು ತಾಯಿಯ ಕಡೆಯಿಂದ ಬರುವ ಮೈಟೋಕಾಂಡ್ರಿಯಾದ ಡಿಎನ್‌ಎ. ಅದು ಹೊಂದಿತು ಅಂದರೆ "ಇವನೇ" ಅಂತ ಅರ್ಥವಲ್ಲ, ಇಂಥವರು ಸಾವಿರಾರು ಜನ ಇರಬಹುದು ಅಂತ ಅರ್ಥ. ನೂರಾರು ಕೈ ಮುಟ್ಟಿದ ಬಟ್ಟೆ ಬೇರೆ.

ನನಗೆ ಬೇಸರ ಇರೋದು ಶಾಲಿನ ಮೇಲಲ್ಲ. ನೂರಮೂವತ್ತು ಚಿಲ್ಲರೆ ವರ್ಷದಿಂದ ನಾವು ಈ ಕೊಲೆಗಾರನನ್ನು ಮಹಾ ಚಾಣಾಕ್ಷ ಮಾಡಿಟ್ಟಿದ್ದೀವಲ್ಲ, ಅದರ ಮೇಲೆ. ಒಬ್ಬರು ರಾಜಕುಮಾರ ಅಂತಾರೆ (ಪಾಪ, ಎಡ್ಡೋಸ್ ಮತ್ತು ಎಲಿಜಬೆತ್ ಸ್ಟ್ರೈಡ್ ಇಬ್ಬರೂ ಸತ್ತ ಜೋಡಿ ಕೊಲೆಯ ರಾತ್ರಿ ಆ ರಾಜಕುಮಾರ ಸ್ಕಾಟ್ಲೆಂಡಿನಲ್ಲಿದ್ದ), ಇನ್ನೊಬ್ಬರು ದೊಡ್ಡ ಸರ್ಜನ್ ಅಂತಾರೆ. ಶವಗಳ ವರದಿ ಓದಿದ ವೈದ್ಯರಲ್ಲೇ ಒಮ್ಮತ ಇರಲಿಲ್ಲ. ಒಬ್ಬರಿಗೆ ಅಂಗರಚನೆ ಬಲ್ಲವನ ಕೈ ಕಂಡಿತು. ಆದರೆ 1888ರ ನವೆಂಬರಿನಲ್ಲಿ ಇಡೀ ಸರಣಿಯ ಬಗ್ಗೆ ವರದಿ ಕೊಟ್ಟ ಡಾ. ಥಾಮಸ್ ಬಾಂಡ್, ಇವನಿಗೆ ಕಸಾಯಿಯವನಿಗಿರುವಷ್ಟು ತಿಳಿವಳಿಕೆಯೂ ಇಲ್ಲ ಅಂತ ಬರೆದರು. ನಾನು ಬಾಂಡ್ ಪಕ್ಷ.

ಹಾಗಾದರೆ ಯಾಕೆ ಸಿಗಲಿಲ್ಲ? ಸಿಗೋದು ಹೇಗೆ ಅಂತ ಕೇಳಿ!

ಪೂರ್ವ ಲಂಡನ್ನಿನ ವೈಟ್‌ಚಾಪೆಲ್. ಕಿರಿದಾದ ಗಲ್ಲಿಗಳು, ಅಲ್ಲೊಂದು ಇಲ್ಲೊಂದು ಗ್ಯಾಸ್ ದೀಪ. ಮೊದಲನೆಯವಳಾದ ಪಾಲಿ ನಿಕಲ್ಸ್ ಸತ್ತುಬಿದ್ದಿದ್ದ ಬಕ್ಸ್ ರೋ ಪಕ್ಕದ ಬೀದಿಯಲ್ಲೇ ಕುದುರೆ ಕಡಿಯುವ ದೊಡ್ಡಿ ರಾತ್ರಿಯಿಡೀ ನಡೆಯುತ್ತಿತ್ತು. ಬೆಳಗಿನ ಜಾವ ರಕ್ತದ ಏಪ್ರನ್ ಕಟ್ಟಿಕೊಂಡವನೊಬ್ಬ ಎದುರು ಬಂದರೆ ಅಲ್ಲಿ ಯಾರೂ ತಿರುಗಿ ನೋಡುತ್ತಿರಲಿಲ್ಲ. ನೋಡಿದರೂ, ಒಣಗಿದ ಆ ರಕ್ತ ಮನುಷ್ಯನದೋ ಎತ್ತಿನದೋ ಅಂತ ಖಚಿತವಾಗಿ ಹೇಳುವ ಪರೀಕ್ಷೆಯೇ ಇರಲಿಲ್ಲ. ಜರ್ಮನಿಯ ಪೌಲ್ ಉಲೆನ್‌ಹೂಟ್ ಅದನ್ನು ಕಂಡುಹಿಡಿದದ್ದು 1901ರಲ್ಲಿ. ತಮಾಷೆ ಅಂದರೆ ಷರ್ಲಾಕ್ ಹೋಮ್ಸ್ 1887ರ ಕೊನೆಯಲ್ಲಿ ಮೊಟ್ಟಮೊದಲು ಅಚ್ಚಿನಲ್ಲಿ ಕಾಣಿಸಿಕೊಂಡಾಗಲೇ ರಕ್ತದ ಕಲೆ ಪತ್ತೆಹಚ್ಚುವ ರಾಸಾಯನಿಕ ಸಿಕ್ಕಿತು ಅಂತ ಕುಣಿದಾಡುತ್ತಾನೆ. ಕಥೆಯ ಪತ್ತೇದಾರನ ಹತ್ತಿರ ಇದ್ದದ್ದು ಈ ಕೊಲೆಗಳ ತನಿಖೆ ಮಾಡುತ್ತಿದ್ದ ನಿಜವಾದ ಪತ್ತೇದಾರ ಅಬ್ಬರ್‌ಲೈನ್ ಹತ್ತಿರ ಇರಲಿಲ್ಲ.

ಅಬ್ಬರ್‌ಲೈನ್ ಕೈಲಿದ್ದದ್ದು ಏನು? ಜನ. ಗಸ್ತು. ಕಾಗದ. ಅಕ್ಟೋಬರ್ ಹೊತ್ತಿಗೆ 80,000 ಕರಪತ್ರ ಹಂಚಿದ್ದರು, ವಸತಿಗೃಹಗಳ 2,000ಕ್ಕೂ ಹೆಚ್ಚು ಜನರನ್ನು ವಿಚಾರಿಸಿದ್ದರು, 76 ಕಸಾಯಿಯವರನ್ನು ಕಂಡು ಅವರ ಕೆಲಸದಾಳುಗಳ ಜಾತಕ ಕೇಳಿದ್ದರು, ಸುಮಾರು 80 ಜನರನ್ನು ಠಾಣೆಗೆ ಕರೆತಂದು ಬಿಟ್ಟಿದ್ದರು. ಸೋಮಾರಿಗಳ ಕೆಲಸ ಅಲ್ಲ ಇದು. ಆದರೆ ಆ ಕಾಲದಲ್ಲಿ ಕೊಲೆ ಪತ್ತೆಯಾಗುತ್ತಿದ್ದದ್ದು ಮುಖ್ಯವಾಗಿ ಮೂರು ದಾರಿಯಲ್ಲಿ: ಯಾರೋ ನೋಡಿರಬೇಕು, ಯಾರೋ ಬಾಯಿಬಿಡಬೇಕು, ಇಲ್ಲಾ ಕೊಂದವನಿಗೂ ಸತ್ತವಳಿಗೂ ಸಂಬಂಧ ಇರಬೇಕು. ಮುಖಪರಿಚಯವಿಲ್ಲದವನು ಮುಖಪರಿಚಯವಿಲ್ಲದವಳನ್ನು ಕತ್ತಲಲ್ಲಿ ಕೊಂದರೆ ಆ ಮೂರೂ ದಾರಿ ಬಂದ್. ಅದಕ್ಕೆ ಜಾಣತನ ಬೇಕಿಲ್ಲ.

ಮೇಲಿನವರ ಕಥೆ ಬೇರೆ. ಪಾಲಿ ನಿಕಲ್ಸ್‌ಳ ಹೆಣವನ್ನು ಡಾಕ್ಟರು ಸರಿಯಾಗಿ ನೋಡುವ ಮೊದಲೇ ಶವಾಗಾರದ ಆಳುಗಳು ಬಟ್ಟೆ ಬಿಚ್ಚಿ ತೊಳೆದುಬಿಟ್ಟಿದ್ದರು. ಹೊಸದಾಗಿ ಸಿಐಡಿ ಮುಖ್ಯಸ್ಥರಾದ ರಾಬರ್ಟ್ ಆಂಡರ್ಸನ್ ಅಧಿಕಾರ ವಹಿಸಿಕೊಂಡ ಕೂಡಲೇ ಆರೋಗ್ಯದ ರಜೆ ಹಾಕಿ ಸ್ವಿಟ್ಜರ್ಲೆಂಡಿಗೆ ಹೋದರು. ಕಮಿಷನರ್ ಸರ್ ಚಾರ್ಲ್ಸ್ ವಾರನ್ ಬೇಟೆನಾಯಿ ತರಿಸಿ ಹೈಡ್ ಪಾರ್ಕಿನಲ್ಲಿ ಪರೀಕ್ಷೆ ಮಾಡಿಸಿದರು, ನಾಯಿಗಳ ಮುಂದೆ ಅಪರಾಧಿಯ ಹಾಗೆ ಓಡಿದ್ದೂ ಅವರೇ ಅಂತೆ. ನವೆಂಬರ್ 9ರಂದು 29 ಶಿಲಿಂಗ್ ಬಾಡಿಗೆ ಬಾಕಿ ವಸೂಲಿಗೆ ಬಂದವನು ಮಿಲ್ಲರ್ಸ್ ಕೋರ್ಟಿನ ಕಿಟಕಿಯಿಂದ ಇಣುಕಿ ಕೊನೆಯವಳಾದ ಮೇರಿ ಕೆಲಿಯ ಹೆಣ ನೋಡಿದಾಗ, ಪೊಲೀಸರು ಆ ನಾಯಿಗಳಿಗೆ ಕಾಯುತ್ತಾ ಎರಡು ಗಂಟೆಗೂ ಮೀರಿ ಬಾಗಿಲು ತೆಗೆಯದೆ ನಿಂತರು. ನಾಯಿಗಳು ಲಂಡನ್ನಿನಲ್ಲೇ ಇರಲಿಲ್ಲ. ಹಿಂದಿನ ದಿನವಷ್ಟೇ ವಾರನ್ ರಾಜೀನಾಮೆ ಕೊಟ್ಟಿದ್ದರು, ಅದೂ ಬಾಗಿಲ ಹೊರಗಿದ್ದವರಿಗೆ ಗೊತ್ತಿರಲಿಲ್ಲ.

ಎಡ್ಡೋಸ್ ಸತ್ತ ರಾತ್ರಿಯ ವಿವರ ನನ್ನನ್ನು ಇವತ್ತಿಗೂ ಬಿಡಲ್ಲ. ರಾತ್ರಿ ಎಂಟೂವರೆಗೆ ಕುಡಿದು ರಸ್ತೆಯಲ್ಲಿ ಬಿದ್ದಿದ್ದ ಅವಳನ್ನು ಬಿಷಪ್ಸ್‌ಗೇಟ್ ಠಾಣೆಗೆ ಒಯ್ದರು. ಹೆಸರು ಕೇಳಿದರೆ "ಏನೂ ಇಲ್ಲ" ಅಂದಳಂತೆ. ನಶೆ ಇಳಿಯಿತು ಅಂತ ನಡುರಾತ್ರಿ ಒಂದು ಗಂಟೆಗೆ ಬಿಟ್ಟು ಕಳಿಸಿದರು. ಗಸ್ತಿನ ಪೇದೆ ವಾಟ್ಕಿನ್ಸ್ ಒಂದೂವರೆಗೆ ಮೈಟರ್ ಸ್ಕ್ವೇರ್ ಹಾದುಹೋದಾಗ ಅಲ್ಲಿ ಏನೂ ಇರಲಿಲ್ಲ. ಒಂದು ಸುತ್ತು ಮುಗಿಸಿ 1.44ಕ್ಕೆ ಬಂದರೆ ಹೆಣ. ಸಮಯಕ್ಕೆ ಸರಿಯಾಗಿ ಸುತ್ತುವ ಗಸ್ತು, ಕಲ್ಲುಹಾಸಿನ ಮೇಲೆ ಬೂಟಿನ ಸದ್ದು. ಕಾದು ನಿಲ್ಲುವವನಿಗೆ ಅದು ಗಡಿಯಾರ ಇದ್ದ ಹಾಗೆ.

ಲಂಡನ್ನಿನಲ್ಲಿ ಪೊಲೀಸ್ ಪಡೆ ಎರಡು. ಮೈಟರ್ ಸ್ಕ್ವೇರ್ ಸಿಟಿ ಪೊಲೀಸರ ಸರಹದ್ದು. ಕೊಂದವನು ಅವಳ ಏಪ್ರನ್ನಿನ ತುಂಡು ಕತ್ತರಿಸಿಕೊಂಡು ಹೋಗಿ ಎಸೆದದ್ದು ಗೋಲ್‌ಸ್ಟನ್ ಸ್ಟ್ರೀಟಿನಲ್ಲಿ, ಅದು ವಾರನ್ನರ ಮೆಟ್ರೊಪಾಲಿಟನ್ ಪೊಲೀಸರ ಸರಹದ್ದು. ಅದರ ಮೇಲಿನ ಗೋಡೆಯಲ್ಲಿ ಸೀಮೆಸುಣ್ಣದಲ್ಲಿ ಯಹೂದಿಗಳ ಬಗ್ಗೆ ಒಂದು ಸಾಲು. ಬೆಳಕಾಗಲಿ, ಫೋಟೊ ತೆಗೆಯೋಣ ಅಂದರು ಸಿಟಿಯವರು. ಬೆಳಕಾದರೆ ದಂಗೆಯಾಗುತ್ತೆ ಅಂತ ವಾರನ್ ಅಳಿಸಿಹಾಕಿಸಿದರು. ಎಲ್ಲರೂ ಅವರನ್ನು ಬೈಯುತ್ತಾರೆ. ನಾನು ಈ ಒಂದು ವಿಷಯದಲ್ಲಿ ಬೈಯಲ್ಲ. ಅದೇ ತಿಂಗಳು ಕೊಲೆಗಾರ "ಲೆದರ್ ಏಪ್ರನ್" ಅನ್ನೋ ಅಡ್ಡಹೆಸರಿನವನು ಅಂತ ಪತ್ರಿಕೆಗಳು ಹುಯಿಲೆಬ್ಬಿಸಿ, ಜಾನ್ ಪೈಜರ್ ಅನ್ನೋ ಯಹೂದಿ ಚಮ್ಮಾರ ಜನರ ಹೊಡೆತಕ್ಕೆ ಹೆದರಿ ಮನೆಯೊಳಗೆ ಅಡಗಿ ಕೂತಿದ್ದ. ಅವನು ನಿರಪರಾಧಿ.

ಪತ್ರಿಕೆಗಳ ಮಾತು ಬಂತಲ್ಲ, ಜ್ಯಾಕ್ ಅನ್ನೋ ಹೆಸರು ಹುಟ್ಟಿದ್ದೂ ಅಲ್ಲೇ. ಸೆಪ್ಟೆಂಬರ್ 27ರಂದು ಸೆಂಟ್ರಲ್ ನ್ಯೂಸ್ ಏಜೆನ್ಸಿಗೆ ಕೆಂಪು ಶಾಯಿಯ ಒಂದು ಪತ್ರ ಬಂತು, ಕೆಳಗೆ ಆ ಸಹಿ. ಅದನ್ನು ಬರೆದದ್ದು ಒಬ್ಬ ಪತ್ರಕರ್ತನೇ ಅಂತ ಆಮೇಲೆ ಹಿರಿಯ ಪೊಲೀಸ್ ಅಧಿಕಾರಿಗಳೇ ನಂಬಿದ್ದರು. ಕೊಲೆಗಾರ ತನಗೆ ತಾನು ಹೆಸರಿಟ್ಟುಕೊಳ್ಳಲಿಲ್ಲ ಅನ್ನಿಸುತ್ತೆ ನನಗೆ. ನಾಮಕರಣ ಮಾಡಿದ್ದು ಸುದ್ದಿಮನೆ, ತೊಟ್ಟಿಲು ತೂಗುತ್ತಿರೋದು ನಾವು.

ಆ ಕಾಲದಲ್ಲಿ ಪತ್ತೇದಾರಿಯ ಅಸಲಿ ಕಥೆ ನಡೆಯುತ್ತಿದ್ದದ್ದು ವೈಟ್‌ಚಾಪೆಲ್ಲಿನಲ್ಲಿ ಅಲ್ಲ, ನಮ್ಮ ಬಂಗಾಳದ ಕಚೇರಿಗಳಲ್ಲಿ. 1858ರಲ್ಲಿ ಜಂಗೀಪುರದ ಬ್ರಿಟಿಷ್ ಅಧಿಕಾರಿ ವಿಲಿಯಂ ಹರ್ಷೆಲ್, ರಸ್ತೆಗೆ ಸಾಮಗ್ರಿ ಒದಗಿಸುವ ಗುತ್ತಿಗೆದಾರ ರಾಜ್ಯಧರ್ ಕೊನಾಯಿ ನಾಳೆ ಮಾತು ತಪ್ಪದಿರಲಿ ಅಂತ ಕರಾರಿನ ಹಿಂದೆ ಅವನ ಇಡೀ ಅಂಗೈ ಒತ್ತಿಸಿಕೊಂಡ. ಆಮೇಲೆ ಪಿಂಚಣಿ, ನೋಂದಣಿ, ಜೈಲು, ಎಲ್ಲದಕ್ಕೂ ಬೆರಳು. ನಮ್ಮಜ್ಜಿಯ ಹೊಲದ ಪತ್ರದಲ್ಲಿ "ಎಡಗೈ ಹೆಬ್ಬೆಟ್ಟಿನ ಗುರುತು" ಅಂತ ಗುಮಾಸ್ತ ಬರೆದು ಪಕ್ಕದಲ್ಲಿ ಮಸಿ ಒತ್ತಿಸಿದ್ದು ನಮ್ಮ ಮನೆ ಪೆಟ್ಟಿಗೆಯಲ್ಲಿದೆ. ಓದು ಬಾರದವರನ್ನು ನಾವು "ಹೆಬ್ಬೆಟ್ಟು" ಅಂತ ಹಂಗಿಸ್ತೀವಿ. ಆ ಹೆಬ್ಬೆಟ್ಟೇ ಮುಂದೆ ಲಂಡನ್ ಪೊಲೀಸರ ಕೇಂದ್ರ ಕಚೇರಿ ಸ್ಕಾಟ್‌ಲೆಂಡ್ ಯಾರ್ಡಿಗೆ ಪಾಠ ಹೇಳಿತು.

ಟೋಕಿಯೊದಲ್ಲಿದ್ದ ಸ್ಕಾಟಿಷ್ ವೈದ್ಯ ಹೆನ್ರಿ ಫೋಲ್ಡ್ಸ್ ರಕ್ತಸಿಕ್ತ ಬೆರಳಗುರುತಿನಿಂದ ಅಪರಾಧಿಯನ್ನು ಹಿಡಿಯಬಹುದು ಅಂತ ನೇಚರ್ ಪತ್ರಿಕೆಗೆ ಬರೆದದ್ದು 1880ರಲ್ಲಿ. ಊರಿಗೆ ಮರಳಿ ಯಾರ್ಡಿನವರ ಬಾಗಿಲು ತಟ್ಟಿದರೂ ಅವರು ಕಿವಿಗೆ ಹಾಕಿಕೊಳ್ಳಲಿಲ್ಲ. ತೊಡಕು ಇದ್ದದ್ದು ಗುರುತು ತೆಗೆಯೋದರಲ್ಲಲ್ಲ, ಸಾವಿರಾರು ಗುರುತುಗಳಲ್ಲಿ ಒಂದನ್ನು ಹುಡುಕೋದರಲ್ಲಿ. ಅದನ್ನು ಬಿಡಿಸಿದ್ದು ಕಲ್ಕತ್ತೆಯಲ್ಲಿ ಅಜೀಜುಲ್ ಹಕ್ ಮತ್ತು ಹೇಮಚಂದ್ರ ಬೋಸ್. 32 ಸಾಲು, 32 ಕಂಬಸಾಲು, ಒಟ್ಟು 1,024 ಗೂಡುಗಳ ಲೆಕ್ಕಾಚಾರ. 1897ರಲ್ಲಿ ಕಲ್ಕತ್ತೆಯಲ್ಲಿ ಬೆರಳಚ್ಚು ಬ್ಯೂರೊ ಶುರುವಾಯಿತು. ಹೆಸರು ಮಾತ್ರ ಅವರ ಮೇಲಧಿಕಾರಿ ಎಡ್ವರ್ಡ್ ಹೆನ್ರಿಯದ್ದು, "ಹೆನ್ರಿ ಪದ್ಧತಿ". ಯಾವ ಆಫೀಸಿನಲ್ಲಿ ಕೆಲಸ ಮಾಡಿದವರಿಗೂ ಇದನ್ನು ವಿವರಿಸಬೇಕಿಲ್ಲ.

ಅದೇ ವರ್ಷ ಜಲಪಾಯ್ಗುರಿಯ ಚಹಾ ತೋಟದ ಮ್ಯಾನೇಜರನ ಕೊಲೆ ನಡೆದಾಗ ಬಂಗಾಳಿ ಪಂಚಾಂಗದ ಮೇಲೆ ರಕ್ತದ ಹೆಬ್ಬೆಟ್ಟಿತ್ತು. ಅದು ಹಿಂದೆ ಜೈಲಿಗೆ ಹೋಗಿಬಂದಿದ್ದ ಹಳೆ ಆಳು ಕಾಂಗಾಲಿ ಚರಣನ ದಾಖಲೆಗೆ ಹೊಂದಿತು. ನ್ಯಾಯಾಲಯ 1898ರಲ್ಲಿ ಕಳ್ಳತನಕ್ಕೆ ಶಿಕ್ಷೆ ಕೊಟ್ಟಿತು, ಕೊಲೆಗೆ ಕೊಡಲು ಹಿಂಜರಿಯಿತು. ಲಂಡನ್ನಿಗೆ ಈ ವಿದ್ಯೆ ಹೋದದ್ದು 1901ರಲ್ಲಿ, ಅದರ ಮೇಲೆ ಕೊಲೆಗಾರರಿಗೆ ನೇಣಾದದ್ದು 1905ರಲ್ಲಿ, ಡೆಪ್ಟ್‌ಫರ್ಡ್‌ನ ಸ್ಟ್ರ್ಯಾಟನ್ ಸಹೋದರರಿಗೆ. ಹಣದ ಪೆಟ್ಟಿಗೆ ಮೇಲಿದ್ದ ಒಂದೇ ಒಂದು ಹೆಬ್ಬೆಟ್ಟು.

1888ರಲ್ಲೇ ಇದು ಇದ್ದಿದ್ದರೆ ವೈಟ್‌ಚಾಪೆಲ್ಲಿನವನು ಸಿಗುತ್ತಿದ್ದ ಅಂತ ನಾನು ಹೇಳ್ತಿಲ್ಲ. ಒಮ್ಮೆಯೂ ಜೈಲು ನೋಡದವನಾಗಿದ್ದರೆ ಯಾವ ಗೂಡಿನಲ್ಲಿ ಹುಡುಕೋದು? ಆದರೆ ಅವನು ತಪ್ಪಿಸಿಕೊಂಡದ್ದು ತನ್ನ ಪ್ರತಿಭೆಯಿಂದಲ್ಲ, ಹುಟ್ಟಿದ ಕಾಲದ ದೆಸೆಯಿಂದ.

ಕೆಲವು ವರ್ಷದ ಹಿಂದೆ ಲಂಡನ್ನಿನಲ್ಲಿರೋ ತಂಗಿ ಮನೆಗೆ ಹೋದಾಗ ಸಂಜೆಯ ರಿಪ್ಪರ್ ಟೂರಿಗೆ ಟಿಕೆಟ್ ತೆಗೆದಿದ್ದಳು. ಗೈಡು ಟೋಪಿ, ನಿಲುವಂಗಿ ಹಾಕಿಕೊಂಡು ಬಂದು ಶಂಕಿತರ ಪಟ್ಟಿ ಒಪ್ಪಿಸಿದ, ಕೊನೆಗೆ "ನಿಮ್ಮ ವೋಟು ಯಾರಿಗೆ?" ಅಂತ ಕೈಯೆತ್ತಿಸಿದ. ಸತ್ತವರನ್ನು ಒಂದೇ ಪದದಲ್ಲಿ ಮುಗಿಸಿದ್ದ, ಆ ಪದ ಯಾವುದು ಅಂತ ನಿಮಗೆ ಗೊತ್ತು. ಪಾಲಿ ಅಚ್ಚುಮನೆಯಲ್ಲಿ ದುಡಿಯುತ್ತಿದ್ದವನ ಹೆಂಡತಿ, ಐದು ಮಕ್ಕಳ ತಾಯಿ. ಆನಿ ಚಾಪ್‌ಮನ್ ಸಾರೋಟು ಓಡಿಸುವವನ ಹೆಂಡತಿ. ಬೇರೆಯಾಗಿದ್ದ ಗಂಡ ಸತ್ತು, ಅವನು ಕಳಿಸುತ್ತಿದ್ದ ವಾರದ ಹತ್ತು ಶಿಲಿಂಗ್ ನಿಂತ ಮೇಲೆ ಬೀದಿಗೆ ಬಿದ್ದವಳು, ಕೊಲೆಯಾಗದಿದ್ದರೂ ಶ್ವಾಸಕೋಶದ ಕಾಯಿಲೆ ಅವಳನ್ನು ಬಹಳ ದಿನ ಬಿಡುತ್ತಿರಲಿಲ್ಲ. ಎಲಿಜಬೆತ್ ಸ್ಟ್ರೈಡ್ ಸ್ವೀಡನ್ನಿನಿಂದ ಬಂದು ಗಂಡನ ಜೊತೆ ಕಾಫಿ ಅಂಗಡಿ ನಡೆಸಿದ್ದವಳು.

ಬಕ್ಸ್ ರೋಗೆ ಈಗ ಡರ್ವರ್ಡ್ ಸ್ಟ್ರೀಟ್ ಅಂತ ಹೆಸರು, ವೈಟ್‌ಚಾಪೆಲ್ ಸ್ಟೇಷನ್ನಿನ ಹಿಂಬದಿ. ಆಗಸ್ಟ್ 31ರ ಬೆಳಗಿನ ಜಾವ ಪಾಲಿಯನ್ನು ವಸತಿಗೃಹದವರು ಹೊರಗೆ ಕಳಿಸಿದ್ದು ಹಾಸಿಗೆಯ ನಾಲ್ಕು ಪೆನ್ನಿ ಇಲ್ಲ ಅಂತ. ಆ ದಿನ ಅಷ್ಟು ದುಡ್ಡು ಮೂರು ಸಲ ಸಂಪಾದಿಸಿ ಮೂರು ಸಲವೂ ಕುಡಿದುಬಿಟ್ಟೆ ಅಂತ ಗೆಳತಿಗೆ ಹೇಳಿದ್ದಳು. ಹೊರಡುವಾಗ ನಗುತ್ತಿದ್ದಳಂತೆ. ಬೇಗ ದುಡ್ಡು ತರ್ತೀನಿ, ನೋಡು ನನ್ನ ಟೋಪಿ ಎಷ್ಟು ಚೆನ್ನಾಗಿದೆ, ಅಂದಳಂತೆ. ಕಪ್ಪು ಹುಲ್ಲಿನ ಹೊಸ ಟೋಪಿ, ಅಂಚಿಗೆ ಕಪ್ಪು ವೆಲ್ವೆಟ್ಟು. ಸುಮಾರು ಮೂರೂ ಮುಕ್ಕಾಲಿಗೆ ಪೇದೆ ದೀಪ ಹಿಡಿದು ಬಗ್ಗಿ ನೋಡಿದಾಗ ಅದು ಅವಳ ಪಕ್ಕದಲ್ಲೇ ಬಿದ್ದಿತ್ತು.